ಅಮೇಲಿಯಾ ರೇ ಕೊಲಾಸೊ: ರಂಗವೇ ಶಾಲೆಯಾದ ಬದುಕು

ನಟರ ಜೀವನಚರಿತ್ರೆಗಳನ್ನು ನಾನು ಶಿಕ್ಷಕರ ಜೀವನಚರಿತ್ರೆಗಳಂತೆಯೇ ಓದುತ್ತೇನೆ. ಎರಡೂ ಕಸುಬಿನವರು ಮುಂದೆ ಕುಳಿತವರ ಗಮನವನ್ನು ಪ್ರತಿದಿನ ಹೊಸದಾಗಿ ಗಳಿಸಬೇಕು. ನಿನ್ನೆಯ ಯಶಸ್ಸು ಇವತ್ತಿಗೆ ಒದಗುವುದಿಲ್ಲ. ಹಾಗೆ ಓದಿದಾಗ ನನಗೆ ಹೆಚ್ಚು ಕಲಿಸಿದ ಬದುಕು ಪೋರ್ಚುಗಲ್‌ನ ಅಮೇಲಿಯಾ ರೇ ಕೊಲಾಸೊ ಅವರದು.

ಅವರು ಹುಟ್ಟಿದ್ದು 1898ರ ಮಾರ್ಚ್ 2ರಂದು, ಲಿಸ್ಬನ್‌ನಲ್ಲಿ. ತಂದೆ ಹೆಸರಾಂತ ಪಿಯಾನೋ ವಾದಕರು, ಸಂಗೀತದ ಗುರುಗಳು. ಹದಿಹರೆಯದಲ್ಲಿ ಬರ್ಲಿನ್‌ಗೆ ಹೋಗಿದ್ದಾಗ ಮ್ಯಾಕ್ಸ್ ರೈನ್‌ಹಾರ್ಟ್ ಅವರ ನಾಟಕಗಳನ್ನು ಕಂಡು ತಾನೂ ನಟಿಯಾಗಬೇಕೆಂದು ನಿಶ್ಚಯಿಸಿದರು. ಊರಿಗೆ ಮರಳಿ, ಹಿರಿಯ ನಟ ಅಗುಸ್ತೊ ರೋಸಾ ಅವರ ಬಳಿ ಪಾಠಕ್ಕೆ ಸೇರಿದರು.

ಮೊದಲ ಪ್ರವೇಶ 1917ರಲ್ಲಿ, ಸ್ಪೇನಿನ ಲೇಖಕ ಗಾಲ್ದೋಸ್ ಅವರ ಕಾದಂಬರಿಯಿಂದ ರೂಪಿಸಿದ ‘ಮರಿಯಾನೆಲಾ’ ನಾಟಕದಲ್ಲಿ. ಕುರುಡ ಯುವಕನಿಗೆ ದಾರಿ ತೋರುವ ಬಡ ಅನಾಥ ಹುಡುಗಿಯ ಪಾತ್ರ ಅದು. ಅನುಕೂಲಸ್ಥರ ಮನೆಯಲ್ಲಿ ಬೆಳೆದ ಅಮೇಲಿಯಾ ಆ ಪಾತ್ರಕ್ಕಾಗಿ ತಿಂಗಳುಗಟ್ಟಲೆ ಹರಕು ಬಟ್ಟೆ ತೊಟ್ಟು ಬರಿಗಾಲಲ್ಲಿ ನಡೆಯುವುದನ್ನು ಅಭ್ಯಾಸ ಮಾಡಿದರು. ಪ್ರೇಕ್ಷಕರು ಕಂಡದ್ದು ಒಂದು ಸಂಜೆಯ ನಡಿಗೆಯನ್ನು ಮಾತ್ರ. ಅದರ ಹಿಂದಿನ ತಿಂಗಳುಗಳು ಯಾರಿಗೂ ಕಾಣಲಿಲ್ಲ. ಪಾಠ ಯೋಜನೆಯನ್ನು ಕಡತ ತುಂಬಿಸುವ ಕೆಲಸವೆಂದು ತಿಳಿಯುವವರು ಗಮನಿಸಬೇಕಾದ ಸಂಗತಿ ಇದು.

1920ರಲ್ಲಿ ಅವರು ನಟ ರೋಬ್ಲೆಸ್ ಮೊಂಟೇರು ಅವರನ್ನು ಮದುವೆಯಾದರು. ಮರುವರ್ಷ ಇಬ್ಬರೂ ಸೇರಿ ಸ್ವಂತ ನಾಟಕ ಕಂಪನಿ ಕಟ್ಟಿದರು. 1923ರಲ್ಲಿ ‘ಓ ಪ್ರೀಮು ಬಜೀಲಿಯು’ ಎಂಬ ಮೂಕಿ ಚಿತ್ರದಲ್ಲಿ ಅಮೇಲಿಯಾ ನಾಯಕಿಯಾದರೂ ಅವರ ಮನಸ್ಸು ರಂಗದಲ್ಲೇ ನೆಲೆಸಿತು. 1929ರಲ್ಲಿ ಕಂಪನಿಗೆ ಲಿಸ್ಬನ್‌ನ ರಾಷ್ಟ್ರೀಯ ರಂಗಮಂದಿರವಾದ ದೋನಾ ಮರಿಯಾ ದ್ವಿತೀಯ ದೊರಕಿತು. 1931ರಲ್ಲಿ ಇಟಲಿಯ ಪಿರಾಂಡೆಲೊ ಅವರ ಒಂದು ನಾಟಕ ಲೇಖಕರ ಸಮ್ಮುಖದಲ್ಲೇ ಅಲ್ಲಿ ಮೊದಲ ಪ್ರದರ್ಶನ ಕಂಡಿತು.

ಅದು ಸಲಜಾರ್‌ನ ಸರ್ವಾಧಿಕಾರದ ಕಾಲ. ಪ್ರತಿ ನಾಟಕವೂ ಸೆನ್ಸಾರ್ ದಾಟಿಯೇ ರಂಗಕ್ಕೆ ಬರಬೇಕಿತ್ತು. ಸರ್ಕಾರದ ಮಂದಿರದಲ್ಲಿ ಕುಳಿತು ಒಳ್ಳೆಯ ನಾಟಕ ಆಡಿಸುವುದು ಹಗ್ಗದ ಮೇಲಿನ ನಡಿಗೆಯಾಗಿತ್ತು. ಆದರೂ ಆ ಕಂಪನಿ ನಟರ ಪಾಲಿಗೆ ಒಂದು ಶಾಲೆಯಾಯಿತು. ಮುಂದೆ ದೇಶದ ಮಹಾನಟಿಯಾದ ಯೂನಿಸ್ ಮುನ್ಯೋಸ್ 1941ರಲ್ಲಿ, ಹದಿಮೂರನೆಯ ವಯಸ್ಸಿನಲ್ಲಿ, ಮೊದಲು ಬಣ್ಣ ಹಚ್ಚಿದ್ದು ಇಲ್ಲೇ. ಪಾಲ್ಮಿರಾ ಬಾಸ್ಟೋಸ್ ತೊಂಬತ್ತರ ವಯಸ್ಸಿನಲ್ಲೂ ಇದೇ ಕಂಪನಿಯಲ್ಲಿ ಅಭಿನಯಿಸಿದರು. ಎಳೆಯರಿಗೂ ಹಿರಿಯರಿಗೂ ಒಂದೇ ಚಾವಣಿಯಡಿ ಕೆಲಸ ಕೊಡುವುದು ಸುಲಭದ ಮಾತಲ್ಲ. ಅಮೇಲಿಯಾ ತಾವೂ ಅಭಿನಯಿಸುತ್ತ, ನಿರ್ದೇಶಿಸುತ್ತ, ಕಂಪನಿಯ ಭಾರವನ್ನೂ ಹೊತ್ತರು.

1958ರಲ್ಲಿ ಪತಿ ತೀರಿಕೊಂಡರು. 1964ರ ಡಿಸೆಂಬರ್‌ನಲ್ಲಿ, ‘ಮ್ಯಾಕ್‌ಬೆತ್’ ಆಡುತ್ತಿದ್ದ ದಿನಗಳಲ್ಲಿ, ರಂಗಮಂದಿರ ಬೆಂಕಿಗೆ ಆಹುತಿಯಾಯಿತು. ಮೂವತ್ತೈದು ವರ್ಷಗಳ ನೆಲೆ ಬೂದಿಯಾದಾಗ ಅವರಿಗೆ ಅರವತ್ತಾರು ವರ್ಷ. ಕಂಪನಿ ಅವೆನೀಡಾ ರಂಗಮಂದಿರಕ್ಕೆ ಹೋಯಿತು. 1967ರಲ್ಲಿ ಅದೂ ಸುಟ್ಟುಹೋಯಿತು. ಮತ್ತೆ ಬೇರೆ ಮಂದಿರಗಳನ್ನು ಹುಡುಕಿ ಆಟ ಮುಂದುವರಿಸಿದರು. 1974ರ ಏಪ್ರಿಲ್‌ನಲ್ಲಿ ಕ್ರಾಂತಿಯಾಗಿ ಹಳೆಯ ಆಡಳಿತ ಉರುಳಿತು. ಅರ್ಧ ಶತಮಾನ ದಾಟಿದ್ದ ಕಂಪನಿಯೂ ಅದೇ ವರ್ಷ ಮುಗಿಯಿತು.

ಅಲ್ಲಿಗೆ ಅವರ ಕಥೆ ಮುಗಿಯಲಿಲ್ಲ. 1985ರಲ್ಲಿ, ಎಂಬತ್ತೇಳನೆಯ ವಯಸ್ಸಿನಲ್ಲಿ, ಜೋಸೆ ರೇಜಿಯು ಅವರ ‘ದೊರೆ ಸೆಬಾಸ್ಟಿಯನ್’ ನಾಟಕದಲ್ಲಿ ರಾಣಿ ಕ್ಯಾಥರೀನಳಾಗಿ ರಂಗಕ್ಕೆ ಬಂದರು. ಅದೇ ಕೊನೆಯ ಪಾತ್ರ. 1990ರ ಜುಲೈ 8ರಂದು ತೀರಿಕೊಂಡರು.

ಈ ಬದುಕಿನಲ್ಲಿ ಕಟ್ಟಡ ಎರಡು ಸಲ ಸುಟ್ಟಿತು, ಆಳುವವರು ಬದಲಾದರು, ಕಂಪನಿಯೂ ಉಳಿಯಲಿಲ್ಲ. ಉಳಿದದ್ದು ಅಲ್ಲಿ ಕಲಿತವರು, ಮತ್ತು ಅವರು ಮುಂದಿನವರಿಗೆ ಕಲಿಸಿದ್ದು. ಸೌಕರ್ಯವಿಲ್ಲದ ಶಾಲೆಗೆ ಬೋಧನಾಭ್ಯಾಸಕ್ಕೆ ಹೋಗುವ ನಮ್ಮ ಪ್ರಶಿಕ್ಷಣಾರ್ಥಿಗಳು ಕಪ್ಪುಹಲಗೆ, ಕೊಠಡಿಗಳಿಗಿಂತ ಮೊದಲು ನೋಡಬೇಕಾದದ್ದು ತಮ್ಮ ಸಿದ್ಧತೆಯನ್ನು ಎಂದು ನಾನು ಹೇಳುವುದು ಇದಕ್ಕಾಗಿಯೇ. ಅವರೊಡನೆ ಹೋಗುವ ಹಿರಿಯ ಶಿಕ್ಷಕರೂ ವರ್ಷಕ್ಕೊಮ್ಮೆಯಾದರೂ ತಾವೇ ಒಂದು ಪಾಠ ಮಾಡಿ ತೋರಿಸುವುದು ಒಳ್ಳೆಯದು.