ಕೆಂಪು ಬಲೂನಿನ ಆಲ್ಬೆರ್ ಲಾಮೊರಿಸ್

ಮಕ್ಕಳ ಚಲನಚಿತ್ರಗಳ ಇತಿಹಾಸದಲ್ಲಿ ಫ್ರಾನ್ಸಿನ ಆಲ್ಬೆರ್ ಲಾಮೊರಿಸರಿಗೆ ಆದರದ ಸ್ಥಾನವಿದೆ. 1922ರ ಜನವರಿ 13ರಂದು ಪ್ಯಾರಿಸಿನಲ್ಲಿ ಜನಿಸಿದ ಅವರು ಮೊದಲು ಛಾಯಾಗ್ರಾಹಕರಾಗಿದ್ದು, ಬಳಿಕ ಕಿರುಚಿತ್ರಗಳ ನಿರ್ದೇಶನಕ್ಕೆ ತೊಡಗಿದರು. ಟುನೀಷಿಯಾದಲ್ಲಿ ಚಿತ್ರೀಕರಿಸಿದ 'ಬಿಮ್' ಒಂದು ಪುಟ್ಟ ಕತ್ತೆಯ ಕಥೆ. 1953ರ 'ಶ್ವೇತ ಕೇಸರ' ದಕ್ಷಿಣ ಫ್ರಾನ್ಸಿನ ಕಾಮಾರ್ಗ್ ಜೌಗು ಪ್ರದೇಶದ ಕಾಡುಕುದುರೆಗೂ ಬೆಸ್ತರ ಬಾಲಕನಿಗೂ ಬೆಳೆದ ಸ್ನೇಹವನ್ನು ಚಿತ್ರಿಸಿ, ಕಾನ್ ಚಿತ್ರೋತ್ಸವದಲ್ಲಿ ಕಿರುಚಿತ್ರಗಳ ಅತ್ಯುನ್ನತ ಪ್ರಶಸ್ತಿ ಗಳಿಸಿತು.

ಅವರಿಗೆ ವಿಶ್ವಖ್ಯಾತಿ ತಂದುದು 1956ರ 'ಕೆಂಪು ಬಲೂನು'. ಕೇವಲ 34 ನಿಮಿಷಗಳ ಈ ಚಿತ್ರದಲ್ಲಿ ಸಂಭಾಷಣೆ ಅತ್ಯಲ್ಪ. ಆದರೂ ಅದಕ್ಕೆ ಕಾನ್ ಪ್ರಶಸ್ತಿಯ ಜತೆಗೆ, ಶ್ರೇಷ್ಠ ಮೂಲ ಚಿತ್ರಕಥೆಗಾಗಿ ಆಸ್ಕರ್ ಪ್ರಶಸ್ತಿಯೂ ಸಂದಿತು. ಕಿರುಚಿತ್ರಗಳ ವಿಭಾಗದ ಹೊರಗೆ ಕಿರುಚಿತ್ರವೊಂದು ಆಸ್ಕರ್ ಪಡೆದುದು ಅಪೂರ್ವ ಗೌರವ.

ಪ್ಯಾರಿಸಿನ ಮೆನಿಲ್‌ಮೊಂತಾಂ ಬಡಾವಣೆಯ ಬಾಲಕನೊಬ್ಬನಿಗೆ ದೊರೆತ ಬಲೂನು ನಂಬಿಗಸ್ತ ಗೆಳೆಯನಂತೆ ಅವನನ್ನು ಹಿಂಬಾಲಿಸುತ್ತದೆ. ಬಾಲಕನ ಪಾತ್ರ ವಹಿಸಿದವನು ನಿರ್ದೇಶಕರ ಮಗ ಪಾಸ್ಕಲ್. ಬಲೂನಿಗೆ ಬಸ್ಸಿನಲ್ಲಿ ಎಡೆಯಿಲ್ಲ, ಶಾಲೆಯಲ್ಲಿ ಎಡೆಯಿಲ್ಲ. ಮನೆಯವರೂ ಅದನ್ನು ಕಿಟಕಿಯಿಂದ ಹೊರಹಾಕುತ್ತಾರೆ. ಭಾನುವಾರ ದೇವಾಲಯದೊಳಗೂ ಅದು ಹಿಂಬಾಲಿಸಿದಾಗ, ಬಾಲಕ ಅಲ್ಲಿಂದ ಹೊರಬರಬೇಕಾಗುತ್ತದೆ. ಕೊನೆಗೆ ಬೀದಿಯ ತುಂಟ ಹುಡುಗರು ಕವಣೆಕಲ್ಲುಗಳಿಂದ ಬಲೂನನ್ನು ಕೊಲ್ಲುತ್ತಾರೆ. ಆದರೆ ಕಥೆ ಅಲ್ಲಿಗೆ ಮುಗಿಯದು. ನಗರದ ಬಲೂನುಗಳೆಲ್ಲ ಒಟ್ಟಾಗಿ ಬಂದು ಅಳುತ್ತಿರುವ ಬಾಲಕನನ್ನು ಆಕಾಶಕ್ಕೆ ಎತ್ತಿಕೊಳ್ಳುತ್ತವೆ. ನಿರಪರಾಧಿಯ ಮರಣ, ಬಳಿಕ ಮೇಲೇರುವ ಆನಂದ: ಕ್ರೈಸ್ತರಾದ ನಮಗೆ ಶುಭ ಶುಕ್ರವಾರವೂ ಪಾಸ್ಕವೂ ಇಲ್ಲಿ ನೆನಪಾಗದಿರವು. ಪಾಸ್ಕಲ್ ಎಂಬ ಹೆಸರೂ ಪಾಸ್ಕ ಹಬ್ಬದಿಂದಲೇ ಬಂದುದಲ್ಲವೇ?

ಆಕಾಶದ ಮೋಹ ಲಾಮೊರಿಸರನ್ನು ಬಿಡಲಿಲ್ಲ. ಹೆಲಿಕಾಪ್ಟರಿನಿಂದ ಕಂಪನವಿಲ್ಲದೆ ಚಿತ್ರೀಕರಿಸುವ 'ಹೆಲಿವಿಷನ್' ಸಾಧನವನ್ನು ಅವರು ರೂಪಿಸಿದರು. 1960ರಲ್ಲಿ ಅದರ ನೆರವಿನಿಂದ, ತಾತನೊಡನೆ ಬಲೂನಿನಲ್ಲಿ ಫ್ರಾನ್ಸಿನ ಮೇಲೆ ಹಾರುವ ಬಾಲಕನ ಕಥೆಯನ್ನು ತೆರೆಗೆ ತಂದರು. 1970ರ ಜೂನ್ 2ರಂದು ಇರಾನಿನ ಕರಜ್ ಅಣೆಕಟ್ಟಿನ ಬಳಿ ಚಿತ್ರೀಕರಣ ನಡೆಸುತ್ತಿದ್ದಾಗ ಹೆಲಿಕಾಪ್ಟರ್ ಅಪಘಾತಕ್ಕೀಡಾಗಿ ಅವರು ಮಡಿದರು. ಆಗ ಅವರಿಗೆ 48 ವರ್ಷ. ಅವರು ಬಿಟ್ಟುಹೋದ ಟಿಪ್ಪಣಿಗಳನ್ನು ಆಧರಿಸಿ ಪತ್ನಿಯೂ ಪುತ್ರ ಪಾಸ್ಕಲನೂ ಆ ಚಿತ್ರವನ್ನು ಪೂರ್ಣಗೊಳಿಸಿದರು. 1978ರಲ್ಲಿ ಅದು ತೆರೆಕಂಡಿತು. ಅಂದು ಬಲೂನಿನ ಹಿಂದೆ ಓಡಿದ ಬಾಲಕನೇ ತಂದೆಯ ಕೊನೆಯ ಕೆಲಸಕ್ಕೆ ಹೆಗಲು ಕೊಟ್ಟನು.

ಲಾಮೊರಿಸರು ತಮ್ಮ ಚಿತ್ರಗಳಲ್ಲಿ ಮಕ್ಕಳಿಗೆ ಬೋಧಿಸಲಿಲ್ಲ. ಮಕ್ಕಳ ನಂಬಿಕೆಯನ್ನು ಹಿರಿಯರ ಮುಂದಿಟ್ಟರು. ಮಕ್ಕಳನ್ನು ತಡೆದ ಶಿಷ್ಯರನ್ನು ಯೇಸುಸ್ವಾಮಿಯೇ ಗದರಿಸಿದರೆಂಬುದನ್ನು ನಾವು ಬಲ್ಲೆವು. ಆದರೂ ಬಲಿಪೂಜೆಯ ವೇಳೆ ಮಗುವೊಂದು ಸದ್ದು ಮಾಡಿದರೆ ನಾವು ಹಿಂದಿರುಗಿ ಹುಬ್ಬು ಗಂಟಿಕ್ಕುವುದುಂಟು. ಬಾಗಿಲಿನಿಂದ ಹೊರಬಿದ್ದ ಆ ಕೆಂಪು ಬಲೂನು ನಮ್ಮ ದೇವಾಲಯಕ್ಕೆ ಬಂದಿದ್ದರೆ ನಾವೇನು ಮಾಡುತ್ತಿದ್ದೆವೆಂದು ಪ್ರಾಮಾಣಿಕವಾಗಿ ಕೇಳಿಕೊಳ್ಳೋಣ.