ಬೆಂದವರ ಬೇನೆ ಬಲ್ಲ ತಾಯಿ: ಪಂಡಿತಾ ರಮಾಬಾಯಿ

ಸೊಲ್ಲಾಪುರದಿಂದ ಪುಣೆಗೆ ರೈಲಿನಲ್ಲಿ ಹೋಗಿಬರುವ ನಮ್ಮ ವ್ಯಾಪಾರಿ ಬಂಧುಗಳಿಗೆ ದೌಂಡದ ಆಚೆ ಕೇಡಗಾಂವ ಎಂಬ ಊರು ಗೊತ್ತಿರುತ್ತದೆ. ಬರದಲ್ಲಿ ನೊಂದ ಸಾವಿರಾರು ಹೆಣ್ಣುಮಕ್ಕಳಿಗೆ ಆಸರೆಯಾದ ಊರು ಅದು. ಆ ಆಸರೆ ಕಟ್ಟಿದವರು ಪಂಡಿತಾ ರಮಾಬಾಯಿ.

ರಮಾಬಾಯಿ ಹುಟ್ಟಿದ್ದು 1858ರಲ್ಲಿ, ಕರ್ನಾಟಕದ ಪಶ್ಚಿಮ ಘಟ್ಟದ ಗಂಗಾಮೂಲದಲ್ಲಿ. ತಂದೆ ಅನಂತಶಾಸ್ತ್ರಿ ಡೋಂಗ್ರೆಯವರು ಹೆಂಡತಿಗೆ ಸಂಸ್ಕೃತ ಕಲಿಸಿ ಊರವರ ವಿರೋಧ ಕಟ್ಟಿಕೊಂಡವರು. ಕೂಸಿಗೆ ಆರು ತಿಂಗಳಾದಾಗಲೇ ಮನೆಯವರೆಲ್ಲ ತೀರ್ಥಯಾತ್ರೆಗೆ ಹೊರಟರು. ಬೆತ್ತದ ಬುಟ್ಟಿಯಲ್ಲಿ ಕೂಸನ್ನು ಹೊತ್ತು ನಡೆದರು. ಮುಂದೆ ಬರ ಬಂತು. ಎಲೆ, ಕಾಡುಹಣ್ಣು ತಿಂದು ದಿನ ನೂಕುವ ಕಾಲ ಒದಗಿತು. ಕೆಲವೇ ತಿಂಗಳಲ್ಲಿ ತಂದೆ, ತಾಯಿ, ಅಕ್ಕ ಮೂವರೂ ತೀರಿಕೊಂಡರು. ಉಳಿದ ಅಣ್ಣ ತಂಗಿ ಬರಿಗಾಲಲ್ಲಿ ದೇಶ ತಿರುಗಿದರು. ಝೇಲಂ ನದಿಯ ದಂಡೆಯಲ್ಲಿ ಚಳಿ ತಡೆಯಲಾರದೆ ಕುಣಿ ತೋಡಿ, ಕುತ್ತಿಗೆಯವರೆಗೆ ಮರಳು ಮುಚ್ಚಿಕೊಂಡು ರಾತ್ರಿ ಕಳೆದರು.

1878ರಲ್ಲಿ ಕಲಕತ್ತೆಯ ವಿದ್ವಾಂಸರು ಆಕೆಗೆ ಪಂಡಿತಾ, ಸರಸ್ವತೀ ಎಂಬ ಬಿರುದು ಕೊಟ್ಟರು. ಆದರೆ ದುಃಖ ಬೆನ್ನು ಬಿಡಲಿಲ್ಲ. 1880ರಲ್ಲಿ ಅಣ್ಣ ಹೋದ. 1882ರಲ್ಲಿ ಗಂಡನೂ ಕಾಲರಾಕ್ಕೆ ತುತ್ತಾದ. ಕೈಯಲ್ಲಿ ಹಸುಗೂಸು ಮನೋರಮಾ. ಇಂಗ್ಲೆಂಡಿಗೆ ಹೋದ ರಮಾಬಾಯಿ 1883ರಲ್ಲಿ ಕ್ರೈಸ್ತಮತ ಸೇರಿದರು. ಇದರಿಂದ ಸ್ವದೇಶದಲ್ಲಿ ಅನೇಕರು ಅವರಿಂದ ದೂರವಾದರು. ಮತದ ವಿಚಾರದಲ್ಲಿ ನಮ್ಮ ದಾರಿ ಬೇರೆ ಇರಬಹುದು. ಆದರೆ ಅವರು ಮಾಡಿದ ಸೇವೆಯನ್ನು ಮರೆಯಲಾಗದು.

1889ರಲ್ಲಿ ಮುಂಬಯಿಯಲ್ಲಿ ವಿಧವೆಯರಿಗಾಗಿ ಶಾರದಾ ಸದನ ತೆರೆದರು. ಮರುವರ್ಷ ಅದು ಪುಣೆಗೆ ಬಂತು. 1896–97ರಲ್ಲಿ ಮಧ್ಯಪ್ರಾಂತದಲ್ಲಿ ಘೋರ ಬರ ಬಿದ್ದ ಸುದ್ದಿ ಕೇಳಿದೊಡನೆ ತಾವು ಕಂಡ ಹಸಿವು ನೆನಪಾಯಿತು. ತಾವೇ ಅಲ್ಲಿಗೆ ಹೋಗಿ, ಸುಮಾರು 300 ಹುಡುಗಿಯರನ್ನು ಕರೆತಂದರು. ಪುಣೆಯಲ್ಲಿ ಆಗ ಪ್ಲೇಗ್. ಅಷ್ಟು ಜನರನ್ನು ಊರೊಳಗೆ ಇಡಲು ಅಧಿಕಾರಿಗಳು ಒಪ್ಪಲಿಲ್ಲ. ಕೇಡಗಾಂವದಲ್ಲಿ ಮೊದಲೇ ಕೊಂಡಿದ್ದ ಹೊಲಕ್ಕೆ ಅವರನ್ನು ಒಯ್ದರು. ಅದೇ ಮುಕ್ತಿ ಸದನವಾಯಿತು. 1900ರ ಬರದಲ್ಲಿ ಗುಜರಾತಿನಿಂದಲೂ ಮಕ್ಕಳು ಬಂದರು. ಅಲ್ಲಿದ್ದವರ ಸಂಖ್ಯೆ ಸುಮಾರು 2000ಕ್ಕೆ ಮುಟ್ಟಿತು.

ಹೊಟ್ಟೆಗೆ ಹಾಕಿದರೆ ಮುಗಿಯಿತೆಂದು ರಮಾಬಾಯಿ ತಿಳಿಯಲಿಲ್ಲ. ಅಕ್ಷರದ ಜೊತೆಗೆ ನೇಯ್ಗೆ, ಒಕ್ಕಲುತನ, ಹೈನು, ಗಾಣ, ಅಚ್ಚುಕೂಟದ ಕೆಲಸ ಕಲಿಸಿದರು. ಕುರುಡರಿಗೆ ಬೆರಳಿನಿಂದ ಓದುವ ಬ್ರೈಲ್ ಲಿಪಿ ಹೇಳಿಕೊಡಲಾಯಿತು. ಎಲ್ಲ ಕಳೆದುಕೊಂಡವರ ಕೈಗೆ ಕೆಲಸ ಬಂತು; ಕೆಲಸದಿಂದ ಮರ್ಯಾದೆ ಬಂತು. ಮಗಳು ಮನೋರಮಾ ತಾಯಿಗೆ ಹೆಗಲು ಕೊಟ್ಟು, ಗುಲ್ಬರ್ಗದಲ್ಲೂ ಹೆಣ್ಣುಮಕ್ಕಳ ಶಾಲೆ ನಡೆಸಿದರು. 1921ರಲ್ಲಿ ಆ ಮಗಳೂ ತೀರಿಕೊಂಡರು. ಮರುವರ್ಷ, 1922ರ ಏಪ್ರಿಲ್ 5ರಂದು, ರಮಾಬಾಯಿ ಕಣ್ಣು ಮುಚ್ಚಿದರು.

1993ರ ಕಿಲ್ಲಾರಿ ಭೂಕಂಪವನ್ನು ಕಂಡ ಸೀಮೆ ನಮ್ಮದು. ಬಿದ್ದ ಗೋಡೆಯನ್ನು ವರ್ಷದಲ್ಲಿ ಎಬ್ಬಿಸಬಹುದು, ಬಿದ್ದ ಮನಸ್ಸು ಏಳಲು ಬಹಳ ಕಾಲ ಬೇಕು. ನೊಂದವರು ಮಾತು ಬಿಟ್ಟಿರಬಹುದು, ಸಣ್ಣದಕ್ಕೂ ಸಿಟ್ಟಾಗಬಹುದು, ಕೆಲಸದಲ್ಲಿ ಮನಸ್ಸಿಡದೆ ಇರಬಹುದು. ಅಂಥವರನ್ನು ಇನ್ನೂ ಎಷ್ಟು ದಿನ ಅಳುವುದೆಂದು ಗದರಿಸಬಾರದು. ಒಂದು ತುತ್ತು ಅನ್ನ, ಕೈಗೊಂದು ಕೆಲಸ, ಬೇಸರಿಸದ ಜೊತೆ, ಈ ಮೂರನ್ನೂ ಕೊಡುವುದು ನಿಜವಾದ ದಾಸೋಹ.