ಸ್ಪಂಜಿಗೆ ಹೆಸರಿಟ್ಟ ಗ್ರಾಂಟ್

ಪ್ರಥಮ ಪಿಯುಸಿಯಲ್ಲಿ ಪೊರಿಫೆರಾ ಎಂದರೆ ರಂಧ್ರಗಳುಳ್ಳ ಪ್ರಾಣಿಗಳು ಎಂದು ಬರೆದು ಒಂದು ಅಂಕ ಪಡೆಯುತ್ತೇವೆ. ಆ ಹೆಸರು ಕೊಟ್ಟವರು ಯಾರೆಂದು ಹುಡುಕಿದಾಗ ನನಗೆ ಸಿಕ್ಕವರು ರಾಬರ್ಟ್ ಎಡ್ಮಂಡ್ ಗ್ರಾಂಟ್. ಡಾರ್ವಿನ್‌ನ ಗುರು ಎಂದಷ್ಟೇ ಹೆಚ್ಚಿನವರು ಇವರನ್ನು ಬಲ್ಲರು. ಅದು ಅನ್ಯಾಯ ಎಂದು ನನಗೆ ಅನಿಸುತ್ತದೆ.

1793ರಲ್ಲಿ ಎಡಿನ್‌ಬರೋದಲ್ಲಿ ಹುಟ್ಟಿದ ಗ್ರಾಂಟ್ 1814ರಲ್ಲಿ ವೈದ್ಯರಾದರು. ಆದರೆ ತಂದೆಯಿಂದ ಬಂದ ಹಣವನ್ನು ಯುರೋಪ್ ಸುತ್ತಿ ಕಲಿಯುವುದಕ್ಕೇ ಖರ್ಚು ಮಾಡಿದರು. ಸ್ಪಂಜು ಸಸ್ಯವೋ ಪ್ರಾಣಿಯೋ ಎಂಬ ವಾದ ಆಗಿನ್ನೂ ಮುಗಿದಿರಲಿಲ್ಲ. ಊರಿಗೆ ಮರಳಿದ ಗ್ರಾಂಟ್ ಫೋರ್ತ್ ಕೊಲ್ಲಿಯ ದಡದಿಂದ ಜೀವಂತ ಸ್ಪಂಜು ತಂದು, ಸಮುದ್ರದ ನೀರಿನಲ್ಲಿಟ್ಟು ಸೂಕ್ಷ್ಮದರ್ಶಕದಲ್ಲಿ ನೋಡುತ್ತಾ ಕುಳಿತರು. ದೊಡ್ಡ ರಂಧ್ರದಿಂದ ನೀರು ಕಾರಂಜಿಯಂತೆ ಚಿಮ್ಮುತ್ತಿತ್ತು! ಸಣ್ಣ ರಂಧ್ರಗಳಿಂದ ಒಳಗೆ, ದೊಡ್ಡದರಿಂದ ಹೊರಗೆ: ನಾವು ಇಂದು ಬಿಡಿಸುವ ಚಿತ್ರದ ಬಾಣಗಳು ಇವೇ.

ಸ್ಪಂಜಿನ ಅಸ್ಥಿಪಂಜರದ ಮೇಲೂ ಅವರು 1826ರ ಸುಮಾರಿಗೆ ಲೇಖನಗಳನ್ನು ಬರೆದರು. ನಮ್ಮಂತೆ ಮೂಳೆ ಅದಕ್ಕಿಲ್ಲ; ಮಾಂಸದೊಳಗೆ ಸ್ಪಿಕ್ಯೂಲ್ ಎಂಬ ಸಣ್ಣ ಮುಳ್ಳುಗಳಿರುತ್ತವೆ. ಕೆಲವದರಲ್ಲಿ ಅವು ಸುಣ್ಣದವು, ಆಮ್ಲ ಬಿದ್ದರೆ ನೊರೆಯೆದ್ದು ಕರಗುತ್ತವೆ. ಕೆಲವದರಲ್ಲಿ ಗಾಜಿನಂಥ ಸಿಲಿಕಾ, ಅವು ಹಾಗೆ ಕರಗುವುದಿಲ್ಲ. ಸ್ನಾನದ ಸ್ಪಂಜಿನಲ್ಲಿ ಮುಳ್ಳೇ ಇಲ್ಲ, ಸ್ಪಂಜಿನ್ ಎಂಬ ನಾರಿನ ಬಲೆ ಮಾತ್ರ. ಒಂದೇ ಜಾತಿಯ ಸ್ಪಂಜು ಅಲೆ ಹೊಡೆಯುವಲ್ಲಿ ಒಂದು ಆಕಾರ, ಶಾಂತ ನೀರಿನಲ್ಲಿ ಇನ್ನೊಂದು ಆಕಾರ ತಾಳಬಹುದು. ಹಾಗಾಗಿ ಹೊರರೂಪ ನಂಬುವಂತಿಲ್ಲ. ಇಂದಿಗೂ ಒಂದು ಚೂರನ್ನು ಬ್ಲೀಚಿನಲ್ಲಿ ಹಾಕಿ, ಮಾಂಸ ಕರಗಿದ ಮೇಲೆ ಉಳಿದ ಮುಳ್ಳುಗಳಿಗೆ ಕವಲು ಎಷ್ಟು, ತುದಿ ಚೂಪೋ ಮೊಂಡೋ ಎಂದು ನೋಡಿ ಜಾತಿ ಗುರುತಿಸುತ್ತಾರೆ. ಮೂರು ಕವಲಿನವು ಸುಣ್ಣದ ಸ್ಪಂಜುಗಳಲ್ಲಿ ಸಾಮಾನ್ಯ. ಆರು ಕವಲು ಕಂಡರೆ ಅದು ಗಾಜಿನ ಸ್ಪಂಜು.

ವಿದ್ಯಾರ್ಥಿ ಡಾರ್ವಿನ್ ಇವರ ಜೊತೆ ಇದೇ ದಡದಲ್ಲಿ ಓಡಾಡಿ ಕಡಲ ಜೀವಿಗಳನ್ನು ನೋಡುವುದು ಕಲಿತದ್ದು. 1827ರಲ್ಲಿ ಗ್ರಾಂಟ್ ಲಂಡನ್ ವಿಶ್ವವಿದ್ಯಾಲಯದ ಪ್ರಾಧ್ಯಾಪಕರಾದರು. ಆದಾಯ ಬಹುಪಾಲು ವಿದ್ಯಾರ್ಥಿಗಳ ಶುಲ್ಕದಿಂದ. ತರಗತಿಯಲ್ಲಿ ಜನ ಕಡಿಮೆ. ಜೀವಿಗಳು ಬದಲಾಗುತ್ತವೆ ಎಂಬ ಅವರ ಮಾತು ಅಂದಿನ ಪ್ರಭಾವಿಗಳಿಗೆ ಹಿಡಿಸಲಿಲ್ಲ. ಬಡತನ ಬಂತು, ಸಂಶೋಧನೆ ಸೊರಗಿತು. ಪಾಠ ಮಾತ್ರ ನಿಲ್ಲಲಿಲ್ಲ. 1874ರಲ್ಲಿ ತೀರಿಕೊಳ್ಳುವವರೆಗೂ ಅದೇ ಹುದ್ದೆಯಲ್ಲಿದ್ದರು. ಪಾಠಕ್ಕೆಂದು ಅವರು ಕೂಡಿಸಿದ ಪ್ರಾಣಿಗಳ ಮಾದರಿಗಳು ಇಂದು ಲಂಡನ್ನಿನ ಗ್ರಾಂಟ್ ಮ್ಯೂಸಿಯಂನಲ್ಲಿವೆ. ಒಂದು ಸ್ಪಂಜಿಗೂ ಅವರ ನೆನಪಿನಲ್ಲಿ ಗ್ರಾಂಟಿಯಾ ಎಂಬ ಹೆಸರಿದೆ. ಅದರ ಮುಳ್ಳು ಸುಣ್ಣದ್ದು.